ಬಿಳಿ ಅನ್ನೋ ಹೆಸರಿನ ಲೋಹ, ಕೆಂಪಗಿರೋ ಕಲ್ಲು: ಪೈರಾರ್ಜಿರೈಟ್ ಅಂದ್ರೆ ಏನು?

ಹೋದ ಶ್ರಾವಣದಲ್ಲಿ ವರಮಹಾಲಕ್ಷ್ಮಿ ಹಬ್ಬಕ್ಕೆ ಎರಡು ದಿನ ಇದ್ದಾಗ ಅಮ್ಮ ಬೀರುನಿಂದ ಬೆಳ್ಳಿ ಸಾಮಾನೆಲ್ಲ ತೆಗೆದು, ಹಳೇ ಟವೆಲ್ ಹಾಸ್ಕೊಂಡು ವಿಭೂತಿ ಹಾಕಿ ಉಜ್ತಾ ಕೂತಿದ್ರು. ಪಕ್ಕದಲ್ಲಿ ನಮ್ಮಕ್ಕನ ಮಗಳು, ಪಿಯುಸಿ ಓದ್ತಾಳೆ, ಮೊಬೈಲ್ ಹಿಡ್ಕೊಂಡು "ಮಾಮ ಇಲ್ ನೋಡು, ಇದೂ ಬೆಳ್ಳಿನೇ ಅಂತೆ" ಅಂತ ಒಂದು ಫೋಟೋ ತೋರಿಸಿದ್ಲು. ನೋಡಿದ್ರೆ ಕಪ್ಪುಗಪ್ಪು ಕಲ್ಲು, ಅಂಚಲ್ಲಿ ಮಾತ್ರ ರಕ್ತದ ಬಣ್ಣ, ಒಳಗಡೆ ಕೆಂಡ ಇಟ್ಟಂಗೆ. ಕೆಳಗೆ ಪೈರಾರ್ಜಿರೈಟ್ ಅಂತ ಬರೆದಿತ್ತು. ಅಮ್ಮ ಬಗ್ಗಿ ನೋಡಿ ಒಂದೇ ಮಾತು ಅಂದ್ರು: "ಬೆಳ್ಳಿ ಅಂದ್ಮೇಲೆ ಬೆಳ್ಳಗಿರ್ಬೇಕು ಕಣೇ, ಕೆಂಪಗೆ ಎಲ್ಲಾದ್ರೂ ಇರ್ತೈತಾ?"

ಅಮ್ಮ ಕೇಳಿದ್ದು ತಮಾಷೆಗಲ್ಲ, ಅದರಲ್ಲಿ ಅರ್ಥ ಇದೆ. ಆವತ್ತು ಇಬ್ಬರಿಗೂ ಅರ್ಧಂಬರ್ಧ ಹೇಳಿದ್ದೆ, ಈಗ ಸರಿಯಾಗಿ ಬರೀತಿದೀನಿ.

ಮೊದಲು ಬೆಳ್ಳಿ ಅನ್ನೋ ಪದಾನೇ ತಗೊಳಿ. ಬೆಳ್ ಅಂದ್ರೆ ಬಿಳಿ. ಬೆಳ್ಳಗೆ, ಬೆಳಕು, ಬೆಳಗು, ಬೆಳ್ದಿಂಗಳು, ಬೆಳ್ಳುಳ್ಳಿ ಎಲ್ಲ ಒಂದೇ ಮನೆ ಮಕ್ಕಳು. ನಮ್ಮ ಕೋಲಾರ ಜಿಲ್ಲೇಲಿ ಇದನ್ನ ಚೆಕ್ ಮಾಡೋಕೆ ಪುಸ್ತಕ ಬೇಕಿಲ್ಲ, ಬಸ್ ಹತ್ತಿದ್ರೆ ಸಾಕು. ಕೆಜಿಎಫ್ ಕಡೆ ಹೋದ್ರೆ ತಮಿಳರು ವೆಳ್ಳಿ ಅಂತಾರೆ, ಮುಳಬಾಗಿಲು ದಾಟಿದ್ರೆ ತೆಲುಗಲ್ಲಿ ವೆಂಡಿ ಅಂತಾರೆ, ಮೂರೂ ಆ ಬಿಳಿ ಬೇರಿಂದಾನೇ ಬಂದಿರೋದು. ಬೆಳಗಿನ ಜಾವ ಮೂಡೋ ಶುಕ್ರನಿಗೂ ನಾವು ಬೆಳ್ಳಿ ಅಂತಾನೇ ಕರೆಯೋದು, "ಬೆಳ್ಳಿ ಮೂಡ್ತು ಏಳು" ಅಂತ ನಮ್ಮಜ್ಜಿ ಎಬ್ಬಿಸ್ತಿದ್ರು. ತಮಿಳರಿಗೆ ಶುಕ್ರವಾರವೇ ವೆಳ್ಳಿ.

ಸರಿ ದ್ರಾವಿಡ ಭಾಷೆ ಬಿಡಿ ಅಂತ ಸಂಸ್ಕೃತಕ್ಕೆ ಹೋದ್ರೆ ಅಲ್ಲೂ ಅದೇ ಕಥೆ. ರಜತ ಅಂದ್ರೆ ಬೆಳ್ಳಗೆ ಹೊಳೆಯೋದು. ಗ್ರೀಕಿನಲ್ಲಿ ಬೆಳ್ಳಿಗೆ ಆರ್ಗುರೋಸ್, ಲ್ಯಾಟಿನ್‌ನಲ್ಲಿ ಅರ್ಜೆಂಟಮ್, ಈ ಮೂರೂ ಹಿಂದೆ ಎಲ್ಲೋ ಒಂದೇ ಬೇರಿಗೆ ಸೇರ್ತವೆ, ಆ ಬೇರಿನ ಅರ್ಥ ಬಿಳುಪು, ಹೊಳಪು. ಮಜಾ ಏನಪ್ಪಾ ಅಂದ್ರೆ ನಮ್ಮ ಅರ್ಜುನನ ಹೆಸರೂ ಅದೇ ಬೇರಿಂದು, ಅರ್ಜುನ ಅಂದ್ರೆ ಬಿಳಿ, ಶುಭ್ರ. ಅರ್ಜುನ ವೃಕ್ಷಕ್ಕೆ ಕನ್ನಡದಲ್ಲಿ ಬಿಳಿಮತ್ತಿ ಅಂತೀವಿ, ತೊಗಟೆ ನೋಡಿದ್ರೆ ಯಾಕೆ ಅಂತ ಗೊತ್ತಾಗುತ್ತೆ. ರಸಾಯನಶಾಸ್ತ್ರದಲ್ಲಿ ಬೆಳ್ಳಿಗೆ ಎಜಿ ಅಂತ ಚಿಹ್ನೆ ಇರೋದು ಆ ಅರ್ಜೆಂಟಮ್‌ನಿಂದ, ಅರ್ಜೆಂಟೀನಾ ದೇಶದ ಹೆಸರು ಬಂದಿದ್ದೂ ಅಲ್ಲಿಂದಾನೇ. ಅಂದ್ರೆ ಒಂದಕ್ಕೊಂದು ಸಂಬಂಧವೇ ಇಲ್ಲದ ಎರಡು ಭಾಷಾ ಕುಟುಂಬದವರು, ಬೇರೆ ಬೇರೆ ಕಡೆ ಕೂತ್ಕೊಂಡು, ಈ ಲೋಹಾನ ನೋಡಿ ಇಟ್ಟಿರೋದು ಒಂದೇ ಹೆಸರು: ಬಿಳಿದು. ಅಮ್ಮ ಹೇಳಿದ್ದು ಅದೇ ತಾನೇ.

ಈಗ ಆ ಕಲ್ಲಿನ ಹೆಸರಿಗೆ ಬನ್ನಿ. ಪೈರಾರ್ಜಿರೈಟ್. ಬಾಯಿಗೆ ಕಲ್ಲು ಸಿಕ್ಕಂಗೆ ಆಗುತ್ತೆ, ಆದ್ರೆ ಬಿಡಿಸಿದ್ರೆ ಸುಲಭ. ಪೈರ್ ಅಂದ್ರೆ ಗ್ರೀಕಿನಲ್ಲಿ ಬೆಂಕಿ. ಆರ್ಗುರೋಸ್ ಬೆಳ್ಳಿ. ಕೊನೇಲಿರೋ ಐಟ್ ಅನ್ನೋದು ತುಂಬಾ ಖನಿಜಗಳಿಗೆ ಅಂಟಿಸೋ ಬಾಲ, ಗ್ರಾಫೈಟ್, ಮ್ಯಾಗ್ನೆಟೈಟ್, ಹೆಮಟೈಟ್ ಇದಾವಲ್ಲ ಆ ಥರ. ಸೇರಿಸಿದ್ರೆ ಬೆಂಕಿ-ಬೆಳ್ಳಿ. ಈ ಹೆಸರು ಇಟ್ಟೋರು ಎರ್ನ್‌ಸ್ಟ್ ಫ್ರೀಡ್ರಿಶ್ ಗ್ಲೋಕರ್ ಅಂತ ಒಬ್ಬ ಜರ್ಮನ್ ಖನಿಜಶಾಸ್ತ್ರಜ್ಞರು, 1831ರಲ್ಲಿ. ಆದ್ರೆ ಆರ್ಗುರೋಸ್ ಪದದ ಬೇರಿಗೆ ಬಿಳುಪು ಅಂತ ಅರ್ಥ ಇದೆ ಅಂತ ಈಗಷ್ಟೇ ನೋಡಿದ್ವಲ್ಲ, ಆ ಲೆಕ್ಕದಲ್ಲಿ ಈ ಹೆಸರು ಬಿಡಿಸಿದ್ರೆ ಬೆಂಕಿಬಣ್ಣದ ಬಿಳಿದು ಅಂತಾಗುತ್ತೆ! ಅಮ್ಮನ ಪ್ರಶ್ನೆ ಹೆಸರಿನ ಹೊಟ್ಟೆಯೊಳಗೇ ಕೂತಿದೆ.

ಇಲ್ಲಿ ತುಂಬಾ ಜನ ಎಡವೋ ಒಂದು ಜಾಗ ಇದೆ. ಬೆಂಕಿ ಅಂತ ಇದೆಯಲ್ಲ, ಬೆಂಕೀಲಿ ಬೇಗ ಕರಗುತ್ತೆ ಅಂತಾನೋ ಅಥವಾ ಬೆಂಕೀಲಿ ಹುಟ್ಟಿದ್ದು ಅಂತಾನೋ ಅನ್ಕೋತಾರೆ. ಕರಗೋದೇನೋ ನಿಜ, ಮೇಣದಬತ್ತಿ ಜ್ವಾಲೆಗೆ ಹಿಡಿದ್ರೂ ಸಣ್ಣ ಚೂರು ಕರಗುತ್ತೆ, ಆದ್ರೆ ಹೆಸರು ಬಂದಿದ್ದು ಅದಕ್ಕಲ್ಲ, ಬಣ್ಣಕ್ಕೆ. ಪೈರೈಟ್ ಗೊತ್ತಲ್ಲ, ಚಿನ್ನದಂಗೆ ಕಂಡು ಮೋಸ ಮಾಡೋದು, ಅದರಲ್ಲೂ ಇದೇ ಬೆಂಕಿ ಇದೆ, ಆದ್ರೆ ಅಲ್ಲಿ ಕಾರಣ ಬೇರೆ, ಅದನ್ನ ಉಕ್ಕಿಗೆ ಹೊಡೆದ್ರೆ ಕಿಡಿ ಹಾರುತ್ತೆ. ಒಂದೇ ಪದ, ಒಂದು ಕಡೆ ಕಿಡಿ, ಇನ್ನೊಂದು ಕಡೆ ಕೆಂಪು. ಇನ್ನೊಂದು ಜೋಡಿ ನೋಡಿ, ಪಾದರಸಕ್ಕೆ ಎಚ್‌ಜಿ ಅಂತ ಚಿಹ್ನೆ ಯಾಕೆ ಅಂದ್ರೆ ಅದರ ಹಳೇ ಹೆಸರು ಹೈಡ್ರಾರ್ಜಿರಮ್, ಅಂದ್ರೆ ನೀರು-ಬೆಳ್ಳಿ. ಅದು ನೀರಿನಂಥ ಬೆಳ್ಳಿ, ಇದು ಬೆಂಕಿಯಂಥ ಬೆಳ್ಳಿ. ಪಾದರಸದಲ್ಲಿ ಬೆಳ್ಳಿ ಒಂಚೂರೂ ಇಲ್ಲ, ಸುಮ್ನೆ ಬೆಳ್ಳಿ ಥರ ಕಾಣುತ್ತೆ. ಪೈರಾರ್ಜಿರೈಟ್ ಬೆಳ್ಳಿ ಥರ ಕಾಣೋದೇ ಇಲ್ಲ, ಆದ್ರೆ ತೂಕದಲ್ಲಿ ಅರ್ಧಕ್ಕಿಂತ ಜಾಸ್ತಿ ಬೆಳ್ಳಿನೇ.

ಹಾಗಾದ್ರೆ ಬೆಳ್ಳಿ ಇದ್ದೂ ಬಿಳಿ ಎಲ್ಲಿ ಹೋಯ್ತು?

ಇದಕ್ಕೆ ಉತ್ತರ ಅಮ್ಮನ ಕೈಯಲ್ಲೇ ಇತ್ತು. ಕುಂಕುಮದ ಬಟ್ಟಲು ಒಂದು ವರ್ಷ ಬೀರುವಲ್ಲಿದ್ದು ಕಪ್ಪಾಗಿತ್ತು, ಅದನ್ನೇ ಉಜ್ತಿದ್ರು. ಆ ಕಪ್ಪು ಕೊಳೆ ಅಲ್ಲ. ಗಾಳಿಯಲ್ಲಿರೋ ಗಂಧಕದ ಅಂಶ ಬೆಳ್ಳಿ ಜೊತೆ ಸೇರಿ ಆಗೋ ಬೆಳ್ಳಿಯ ಸಲ್ಫೈಡು, ಇದೇ ವಸ್ತು ಭೂಮಿಯೊಳಗೆ ಕಲ್ಲಾಗಿ ಸಿಕ್ಕಿದ್ರೆ ಅದಕ್ಕೆ ಅಕಾಂಥೈಟ್ ಅಂತ ಹೆಸರು, ಅದು ಬೆಳ್ಳಿಯ ಮುಖ್ಯ ಅದಿರುಗಳಲ್ಲಿ ಒಂದು. ಅಂದ್ರೆ ವರ್ಷಾ ವರ್ಷ ಅಮ್ಮ ವಿಭೂತಿ ಹಾಕಿ ಉಜ್ಜಿ ತೆಗೀತಿರೋದು ಒಂದು ಖನಿಜಾನ. ಲೋಹ ಅಂದ್ರೆ ಬೆಳ್ಳಿ ಪರಮಾಣುಗಳು ಬರೀ ಬೆಳ್ಳಿ ಪರಮಾಣುಗಳ ಜೊತೆ ಇರೋದು, ಆಗ ಮೈಮೇಲೆ ಬಿದ್ದ ಬೆಳಕನ್ನೆಲ್ಲ ವಾಪಸ್ ಎಸೆಯುತ್ತೆ, ಅದಕ್ಕೇ ಬಿಳಿ, ಅದಕ್ಕೇ ಕನ್ನಡಿ ಥರ. ಗಂಧಕದ ಕೈ ಹಿಡಿದ ತಕ್ಷಣ ಆ ಗುಣ ಹೋಯ್ತು. ಗಂಧಕದ ಜೊತೆಗೆ ಇನ್ನೊಬ್ಬರೂ ಬಂದು ಸೇರ್ಕೊಂಡ್ರೆ ಕಪ್ಪು ಹೋಗಿ ಕೆಂಪು ಬರುತ್ತೆ.

ಆ ಇನ್ನೊಬ್ಬರು ಆಂಟಿಮನಿ. ಹೆಸರು ಕೇಳಿ ಹೆದರ್ಬೇಡಿ, ಕಣ್ಣಿಗೆ ಹಚ್ಚೋ ಹಳೇ ಕಾಲದ ಸುರ್ಮಾ, ಅಂಜನ ಅಂತ ಹೇಳ್ತಿದ್ದ ಪುಡಿ ಇತ್ತಲ್ಲ, ಅದು ಆಂಟಿಮನಿ ಮತ್ತು ಗಂಧಕ ಸೇರಿದ ಒಂದು ಕಲ್ಲಿನ ಪುಡಿ. ಪೈರಾರ್ಜಿರೈಟ್ ಲೆಕ್ಕ ಹಿಂಗಿದೆ: ಮೂರು ಪರಮಾಣು ಬೆಳ್ಳಿ, ಒಂದು ಪರಮಾಣು ಆಂಟಿಮನಿ, ಮೂರು ಪರಮಾಣು ಗಂಧಕ. ಇಷ್ಟೇ. ತೂಕದಲ್ಲಿ ಸುಮಾರು 59.8% ಬೆಳ್ಳಿ, 22.5% ಆಂಟಿಮನಿ, ಉಳಿದಿದ್ದು ಗಂಧಕ. ಪೂರ್ತಿ ಶುದ್ಧವಾಗಿರೋ ಒಂದು ಕೇಜಿ ಸಿಕ್ಕಿದ್ರೆ ಹತ್ತತ್ರ 600 ಗ್ರಾಂ ಬೆಳ್ಳಿ. ಗಣಿಯಲ್ಲಿ ಹಂಗೆ ಶುದ್ಧವಾಗಿ ಸಿಗಲ್ಲ ಬಿಡಿ, ಬೇರೆ ಕಲ್ಲಿನ ನಡುವೆ ಗೆರೆ ಥರ, ಚುಕ್ಕಿ ಥರ ಇರುತ್ತೆ.

ಕೆಂಪು ಯಾಕೆ ಅಂದ್ರೆ, ಈ ಮೂರು ಸೇರಿ ಆಗಿರೋ ಹರಳು ಬೆಳಕಿನಲ್ಲಿರೋ ನೀಲಿ, ಹಸಿರು ಭಾಗಾನೆಲ್ಲ ನುಂಗಿಬಿಡುತ್ತೆ, ಕೆಂಪು ಒಂದನ್ನ ಮಾತ್ರ ಆಚೆ ಬಿಡುತ್ತೆ. ದಪ್ಪ ಇದ್ದಷ್ಟೂ ಜಾಸ್ತಿ ನುಂಗುತ್ತೆ, ಅದಕ್ಕೇ ದೊಡ್ಡ ತುಂಡು ಕಪ್ಪಗೆ ಉಕ್ಕಿನ ಥರ ಕಾಣೋದು, ತೆಳುವಾದ ಅಂಚಲ್ಲಿ ಮಾತ್ರ ಕೆಂಪು ಹೊರಗೆ ಬರೋದು. ಕಡು ಡಿಕಾಕ್ಷನ್ ಲೋಟದಲ್ಲಿ ಕಪ್ಪಗಿದ್ದು, ಲೋಟ ಓರೆ ಮಾಡಿದಾಗ ಅಂಚಲ್ಲಿ ಕೆಂಪುಗಂದು ಆಗುತ್ತಲ್ಲ, ಹಂಗೇ. ಹಿಂದಗಡೆಯಿಂದ ಮೊಬೈಲ್ ಟಾರ್ಚ್ ಹಾಕಿದ್ರೆ ಒಳಗೆ ದಾಳಿಂಬೆ ಒಡೆದಂಗೆ ಕಾಣುತ್ತೆ. ಅದರ ಹೊಳಪೂ ಗಾಜಿನ ಹೊಳಪಲ್ಲ, ವಜ್ರದ ಕಡೆ ವಾಲೋ ಹೊಳಪು, ಯಾಕಂದ್ರೆ ಬೆಳಕನ್ನ ಬಗ್ಗಿಸೋದರಲ್ಲಿ ಇದು ವಜ್ರಾನೂ ಮೀರಿಸುತ್ತೆ.

ಅದಕ್ಕೇ ಇಂಗ್ಲಿಷಿನೋರು ಇದಕ್ಕೆ ರೂಬಿ ಸಿಲ್ವರ್ ಅಂದ್ರು, ಮಾಣಿಕ್ಯದ ಬೆಳ್ಳಿ. ಇಲ್ಲಿ ನಮ್ಮ ಅಕ್ಕಸಾಲಿಗರ ಭಾಷೆ ಒಂದು ಹೆಜ್ಜೆ ಮುಂದಿದೆ ಅನ್ಸುತ್ತೆ ನಂಗೆ. ಕೆಂಪಿನ ಓಲೆ, ಕೆಂಪಿನ ಉಂಗುರ ಅಂತೀವಲ್ಲ, ಅಲ್ಲಿ ಕೆಂಪು ಅಂದ್ರೆ ಬಣ್ಣ ಅಲ್ಲ, ಮಾಣಿಕ್ಯದ ಹರಳೇ. ಹಂಗಾಗಿ ಕನ್ನಡದಲ್ಲಿ ಬರೀ ಕೆಂಪು ಬೆಳ್ಳಿ ಅಂದ್ರೂ ಬಣ್ಣ, ಮಾಣಿಕ್ಯ ಎರಡೂ ಬಂದ್ಬಿಡುತ್ತೆ, ಪ್ರತ್ಯೇಕ ಹೇಳೋ ಕೆಲಸವೇ ಇಲ್ಲ.

ಸ್ಪ್ಯಾನಿಷ್ ಮಾತಾಡೋ ಗಣಿಗಾರರು, ಮೆಕ್ಸಿಕೋ ಮತ್ತೆ ದಕ್ಷಿಣ ಅಮೆರಿಕದೋರು, ಇಟ್ಟ ಹೆಸರು ನಂಗೆ ಎಲ್ಲಕ್ಕಿಂತ ಇಷ್ಟ. ರೊಸಿಕ್ಲೇರ್. ಆ ಪದಕ್ಕೆ ಮೂಡಲಲ್ಲಿ ಬೆಳಗಾಗೋವಾಗ ಹರಡೋ ಗುಲಾಬಿ ಕೆಂಪು ಅಂತ ಅರ್ಥ. ನಾವು ಬೆಳಗಿನ ಚುಕ್ಕಿಗೆ ಬೆಳ್ಳಿ ಅಂದ್ವಿ, ಅವರು ಬೆಳ್ಳಿಯ ಅದಿರಿಗೆ ಬೆಳಗಿನ ಬಣ್ಣದ ಹೆಸರು ಇಟ್ರು. ಭೂಮಿಯ ಒಳಗೆ, ಸೂರ್ಯನ ಮುಖಾನೇ ಕಾಣದ ಸುರಂಗದಲ್ಲಿ ಕೂತು ಇಟ್ಟ ಹೆಸರು ಅದು ಅನ್ನೋದು ನೆನಪಿರಲಿ.

ಈಗ ಸ್ವಲ್ಪ ಜಟಿಲವಾದ ಭಾಗ. ಅವರು ರೊಸಿಕ್ಲೇರ್‌ನಲ್ಲಿ ಎರಡು ಮಾಡಿದ್ರು, ಕಡು ರೊಸಿಕ್ಲೇರ್, ತಿಳಿ ರೊಸಿಕ್ಲೇರ್. ಜರ್ಮನ್ ಗಣಿಗಾರರೂ ಹಂಗೇ, ರೋಟ್‌ಗ್ಯುಲ್ಟಿಗ್‌ಎರ್ಟ್ಸ್ ಅಂತ ಒಂದು ಉದ್ದದ ಹೆಸರು, ಅದರಲ್ಲಿ ರೋಟ್ ಅಂದ್ರೆ ಕೆಂಪು, ಎರ್ಟ್ಸ್ ಅಂದ್ರೆ ಅದಿರು, ಅದರಲ್ಲೂ ಕಡು ಒಂದು, ತಿಳಿ ಒಂದು. ಜಾರ್ಜಿಯಸ್ ಅಗ್ರಿಕೋಲಾ ಅಂತ, ಗಣಿ ವಿಷಯದಲ್ಲಿ ಯುರೋಪಿನ ದೊಡ್ಡ ಹೆಸರು, ಅವರು 1546ರಷ್ಟು ಹಿಂದೇನೇ ಕೆಂಪು ಬೆಳ್ಳಿ ಅದಿರಿನ ಬಗ್ಗೆ ಬರೆದಿದ್ರು. ಗಣಿಯೊಳಗೆ ಇಳಿಯೋರ ಕಣ್ಣಿಗೆ ಎರಡು ಥರ ಇದೆ ಅಂತ ಗೊತ್ತಿತ್ತು, ಯಾಕೆ ಎರಡು ಅಂತ ಗೊತ್ತಿರಲಿಲ್ಲ.

ಅದನ್ನ ಬಿಡಿಸಿದ್ದು ಜೋಸೆಫ್ ಲೂಯಿ ಪ್ರೂಸ್ಟ್. ಪಿಯುಸಿ ಕೆಮಿಸ್ಟ್ರಿ ಓದಿದೋರಿಗೆ ಹೆಸರು ನೆನಪಿರ್ಬೇಕು, ಸ್ಥಿರಾನುಪಾತ ನಿಯಮ, ಒಂದು ಸಂಯುಕ್ತದಲ್ಲಿ ಧಾತುಗಳು ಯಾವಾಗ್ಲೂ ಒಂದೇ ಅನುಪಾತದಲ್ಲಿ ಇರ್ತವೆ ಅಂತ ವಾದಿಸಿದೋರು. ಫ್ರಾನ್ಸಿನೋರು, ಆದ್ರೆ ಸ್ಪೇನ್‌ನಲ್ಲಿ ತುಂಬಾ ವರ್ಷ ಕೆಲಸ ಮಾಡಿದ್ರು. 1804ರಲ್ಲಿ ಅವರು ಈ ಕೆಂಪು ಅದಿರುಗಳನ್ನ ವಿಶ್ಲೇಷಣೆ ಮಾಡಿ ಇದು ಒಂದೇ ಕಲ್ಲಿನ ಎರಡು ಬಣ್ಣ ಅಲ್ಲ, ಎರಡು ಬೇರೆ ಕಲ್ಲು ಅಂತ ತೋರಿಸಿದ್ರು, ಕಡು ಕೆಂಪಿನದರಲ್ಲಿ ಆಂಟಿಮನಿ, ತಿಳಿ ಕೆಂಪಿನದರಲ್ಲಿ ಆರ್ಸೆನಿಕ್. ಮಿಕ್ಕಿದ್ದೆಲ್ಲ ಅದೇ ಲೆಕ್ಕ, ಮೂರು ಬೆಳ್ಳಿ, ಒಂದು ಆರ್ಸೆನಿಕ್, ಮೂರು ಗಂಧಕ. ಆರ್ಸೆನಿಕ್ ಅಂದ್ರೆ ಪಾಷಾಣ, ನಮ್ಮ ಹಳೇ ವೈದ್ಯದಲ್ಲಿ ಬರೋ ಹರಿತಾಳ, ಮನಃಶಿಲೆ ಎರಡೂ ಆರ್ಸೆನಿಕ್ ಕಲ್ಲುಗಳೇ. ಆವರ್ತಕ ಕೋಷ್ಟಕದಲ್ಲಿ ಆರ್ಸೆನಿಕ್ ಮನೆ ಕೆಳಗೇ ಆಂಟಿಮನಿ ಮನೆ, ಒಂದೇ ಕಂಬಸಾಲು, ಸ್ವಭಾವ ಹತ್ತತ್ರ, ಅದಕ್ಕೇ ಒಬ್ಬರ ಕುರ್ಚಿಯಲ್ಲಿ ಇನ್ನೊಬ್ಬರು ಕೂರೋಕೆ ಸಾಧ್ಯ ಆಗಿದ್ದು.

ತಿಳಿ ಕೆಂಪಿನದಕ್ಕೆ 1832ರಲ್ಲಿ, ಅಂದ್ರೆ ಗ್ಲೋಕರ್ ಹೆಸರಿಟ್ಟ ಮುಂದಿನ ವರ್ಷಾನೇ, ಬ್ಯೂದಾಂ ಅನ್ನೋ ಫ್ರೆಂಚ್ ಖನಿಜಶಾಸ್ತ್ರಜ್ಞರು ಪ್ರೂಸ್ಟೈಟ್ ಅಂತ ಹೆಸರು ಕೊಟ್ರು. ಪ್ರೂಸ್ಟ್ ಅಷ್ಟೊತ್ತಿಗೆ ತೀರಿಕೊಂಡು ಆರು ವರ್ಷ ಆಗಿತ್ತು. ಅದೇ 1832ರಲ್ಲೇ ಚಿಲಿ ದೇಶದಲ್ಲಿ ಚನ್ಯಾರ್ಸಿಯೊ ಅನ್ನೋ ಬೆಳ್ಳಿ ಗಣಿ ಸಿಕ್ತು, ಮುಂದೆ ಜಗತ್ತಿನ ಅತಿ ಚೆಂದದ ಪ್ರೂಸ್ಟೈಟ್ ಹರಳುಗಳು ಬಂದಿದ್ದು ಅಲ್ಲಿಂದಾನೇ. ಹೆಸರಿಟ್ಟ ವರ್ಷಾನೇ ಮನೆ ಸಿಕ್ಕಂಗಾಯ್ತು.

ಗಮನಿಸಿ, ಇಲ್ಲಿ ಹೆಸರಿಡೋ ಎರಡು ದಾರಿ ಇದೆ. ಒಂದು, ವಸ್ತುನ ನೋಡಿ ಅದರ ಗುಣಾನೇ ಹೆಸರು ಮಾಡೋದು. ಇನ್ನೊಂದು, ಯಾರದೋ ನೆನಪಿಗೆ ಇಡೋದು. ನಮ್ಮ ಕಡೆಯೋರಿಗೆ ಇದು ಹೊಸದಲ್ಲ. ರಾಬರ್ಟ್‌ಸನ್‌ಪೇಟೆ, ಆಂಡರ್ಸನ್‌ಪೇಟೆ ಅಂತ ಕೆಜಿಎಫ್‌ನಲ್ಲಿ ಬ್ರಿಟಿಷರ ಹೆಸರಲ್ಲಿ ಊರುಗಳೇ ಇದಾವೆ. ಬಂಗಾರಪೇಟೆ ಇನ್ನೂ ಚೆಂದ, ಅದು ಮೊದಲು ಬೌರಿಂಗ್‌ಪೇಟೆ, ಮೈಸೂರಿನ ಕಮಿಷನರ್ ಆಗಿದ್ದ ಲೆವಿನ್ ಬೌರಿಂಗ್ ಹೆಸರು, ಆಮೇಲೆ ಬಂಗಾರಪೇಟೆ ಆಯ್ತು, ಪಕ್ಕದಲ್ಲೇ ಚಿನ್ನದ ಗಣಿ ಇದ್ದಿದ್ದಕ್ಕೆ ಆ ಹೆಸರು ಚೆನ್ನಾಗಿ ಕೂತ್ಕೊಂತು. ವ್ಯಕ್ತಿ ಹೆಸರು ಹೋಗಿ ಗುಣದ ಹೆಸರು ಬಂತು. ಖನಿಜದಲ್ಲಿ ಇದು ಉಲ್ಟಾ: ತಿಳಿ ಕೆಂಪು ಅನ್ನೋ ಗುಣದ ಹೆಸರು ಹೋಗಿ ಪ್ರೂಸ್ಟ್ ಹೆಸರು ಬಂತು. ಈಗ ಹೊಸ ಖನಿಜ ಸಿಕ್ಕಿದ್ರೆ ಯಾರು ಬೇಕಾದ್ರೂ ಮನಸ್ಸಿಗೆ ಬಂದಂಗೆ ಹೆಸರಿಡೋಕಾಗಲ್ಲ, ಅಂತರರಾಷ್ಟ್ರೀಯ ಖನಿಜಶಾಸ್ತ್ರ ಸಂಘದ ಸಮಿತಿ ಒಪ್ಪಬೇಕು, ಆ ಸಮಿತಿ ಶುರುವಾಗಿದ್ದು 1959ರಲ್ಲಿ. ಅದಕ್ಕಿಂತ ಮುಂಚೆ ಇದ್ದ ಇಂಥ ಹಳೇ ಹೆಸರುಗಳು ಹಂಗೇ ಉಳ್ಕೊಂಡಿವೆ.

ಇನ್ನೊಂದು ಸಣ್ಣ ಲೆಕ್ಕ ಹೇಳ್ತೀನಿ, ಅಕ್ಕನ ಮಗಳು ಇಲ್ಲಿ ಸಿಕ್ಕಿಹಾಕ್ಕೊಂಡಿದ್ಲು. ಎರಡರಲ್ಲೂ ಬೆಳ್ಳಿ ಮೂರೇ ಪರಮಾಣು, ಆದ್ರೆ ಪೈರಾರ್ಜಿರೈಟ್‌ನಲ್ಲಿ ಬೆಳ್ಳಿ 59.8%, ಪ್ರೂಸ್ಟೈಟ್‌ನಲ್ಲಿ 65.4%. ಅದ್ಹೆಂಗೆ ಮಾಮ? ಎರಡು ಚೀಲದಲ್ಲೂ ಮೂರು ಮೂರು ತೆಂಗಿನಕಾಯಿ ಹಾಕಿ, ಒಂದರಲ್ಲಿ ಜೊತೆಗೆ ದೊಡ್ಡ ಕುಂಬಳಕಾಯಿ, ಇನ್ನೊಂದರಲ್ಲಿ ಸಣ್ಣ ಸೋರೆಕಾಯಿ ಇಟ್ರೆ, ಒಟ್ಟು ತೂಕದಲ್ಲಿ ತೆಂಗಿನಕಾಯಿ ಪಾಲು ಯಾವುದರಲ್ಲಿ ಜಾಸ್ತಿ? ಸೋರೆಕಾಯಿ ಇರೋದರಲ್ಲಿ. ಆಂಟಿಮನಿ ಪರಮಾಣು ಆರ್ಸೆನಿಕ್‌ಗಿಂತ ಭಾರ, ಅಷ್ಟೇ ವಿಷಯ.

ಹಂಗಾದ್ರೆ ಕೈಗೆ ಸಿಕ್ಕ ಕಲ್ಲು ಯಾವುದು ಅಂತ ಹೇಳೋದು ಹೆಂಗೆ? ಬರೀ ಮೇಲಿನ ಬಣ್ಣ ನಂಬೋಹಾಗಿಲ್ಲ, ಪ್ರೂಸ್ಟೈಟ್ ಹಳೇದಾದ್ರೆ ಅದೂ ಕಪ್ಪಾಗುತ್ತೆ. ಖನಿಜದೋರು ಮಾಡೋದು ಗೆರೆ ಪರೀಕ್ಷೆ. ಪಾಲಿಶ್ ಇಲ್ಲದ ಬಿಳಿ ಪಿಂಗಾಣಿ ಬಿಲ್ಲೆ ಮೇಲೆ ಕಲ್ಲನ್ನ ಉಜ್ಜಿದ್ರೆ ಪುಡಿಯ ಗೆರೆ ಬೀಳುತ್ತೆ, ಕಲ್ಲಿನ ಮುಖ ಸುಳ್ಳು ಹೇಳಬಹುದು, ಪುಡಿ ಸುಲಭಕ್ಕೆ ಸುಳ್ಳು ಹೇಳಲ್ಲ. ಪ್ರೂಸ್ಟೈಟ್ ಗೆರೆ ಸಿಂಧೂರದ ಹಾಗೆ ಕಡಕ್ ಕೆಂಪು, ನಮ್ಮ ಎಪಿಎಂಸಿಗೆ ಬರೋ ಟೊಮೆಟೊ ಕೆಂಪು. ಪೈರಾರ್ಜಿರೈಟ್ ಗೆರೆ ಸ್ವಲ್ಪ ನೇರಳೆ ಕಡೆ ವಾಲಿದ ಕೆಂಪು, ಬೀಟ್ರೂಟ್ ಹೆಚ್ಚಿದ ಮೇಲೆ ಈಳಿಗೆಮಣೆ ಮೇಲೆ ಉಳಿಯೋ ಬಣ್ಣ ಅನ್ಕೊಳಿ. ಹಳೇ ಕಾಲದೋರು ಇದ್ದಿಲ ಮೇಲಿಟ್ಟು ಊದುಕೊಳವೆಯಿಂದ ಜ್ವಾಲೆ ಊದ್ತಿದ್ರು, ಪ್ರೂಸ್ಟೈಟ್ ಆದ್ರೆ ಬೆಳ್ಳುಳ್ಳಿ ವಾಸನೆ, ಅದು ಆರ್ಸೆನಿಕ್ ಹೋಗ್ತಿರೋದು, ಪೈರಾರ್ಜಿರೈಟ್ ಆದ್ರೆ ಇದ್ದಿಲ ಮೇಲೆ ಬೂದಿಯಂಗೆ ಬಿಳಿ ಪದರ ಕೂರುತ್ತೆ, ಅದು ಆಂಟಿಮನಿ. ಎರಡರಲ್ಲೂ ಕೊನೆಗೆ ಉಳಿಯೋದು ಒಂದು ಪುಟ್ಟ ಬೆಳ್ಳಿ ಗುಂಡು, ಬೆಳ್ಳಗೆ. ದಯವಿಟ್ಟು ಮನೇಲಿ ಟ್ರೈ ಮಾಡ್ಬೇಡಿ, ಆ ವಾಸನೆ ವಿಷ.

ಈ ಬೆಳ್ಳಿ ಹೆಸರಿನ ಸಂಸಾರದಲ್ಲಿ ಇನ್ನೂ ನೆಂಟರಿದಾರೆ. ಮಿಯಾರ್ಜಿರೈಟ್ ಅಂತ ಒಂದಿದೆ, ಗ್ರೀಕಿನಲ್ಲಿ ಅದಕ್ಕೆ ಕಮ್ಮಿ ಬೆಳ್ಳಿ ಅಂತ ಅರ್ಥ, 1829ರಲ್ಲಿ ಹೈನ್‌ರಿಶ್ ರೋಸ ಇಟ್ಟಿದ್ದು. ಪಾಪ, ಅದರಲ್ಲೂ 36% ಮೇಲೇ ಬೆಳ್ಳಿ ಇದೆ, ಆದ್ರೂ ಕೆಂಪು ಬೆಳ್ಳಿ ಪಕ್ಕ ನಿಲ್ಲಿಸಿ ನೀನು ಕಮ್ಮಿ ಅಂದ್ಬಿಟ್ರು, ನೆಂಟರ ಮನೇಲಿ ಮಾರ್ಕ್ಸ್ ಕಾರ್ಡ್ ಹೋಲಿಸಿದಂಗೆ. ಪೈರೋಸ್ಟಿಲ್ಪ್‌ನೈಟ್ ಅಂತ ಇನ್ನೊಂದು, ಅದರ ಲೆಕ್ಕ ಪೈರಾರ್ಜಿರೈಟ್‌ದೇ, ಒಂದು ಪರಮಾಣುವೂ ವ್ಯತ್ಯಾಸ ಇಲ್ಲ, ಆದ್ರೂ ಬೇರೆ ಖನಿಜ. ಯಾಕೆ ಅಂದ್ರೆ ಪರಮಾಣುಗಳು ಜೋಡಿಸ್ಕೊಂಡಿರೋ ರೀತಿ ಬೇರೆ. ಅದೇ ರಾಗಿ ಹಿಟ್ಟು ಅದೇ ನೀರು, ಒಂದ್ಸಲ ಮುದ್ದೆ ಒಂದ್ಸಲ ರೊಟ್ಟಿ, ಮುದ್ದೇನ ರೊಟ್ಟಿ ಅಂತ ಕರೆದ್ರೆ ನಮ್ಮ ಕಡೆ ಯಾರಾದ್ರೂ ಒಪ್ತಾರಾ? ಖನಿಜಶಾಸ್ತ್ರದ ನಿಯಮಾನೂ ಅಷ್ಟೇ, ಲೆಕ್ಕ ಮತ್ತು ಜೋಡಣೆ ಎರಡೂ ಒಂದೇ ಇದ್ರೆ ಮಾತ್ರ ಒಂದೇ ಹೆಸರು.

ಕೋಲಾರದೋರು ಅಂದ ತಕ್ಷಣ ಎಲ್ಲರೂ ಕೇಳೋ ಪ್ರಶ್ನೆ ಬಂದೇ ಬರುತ್ತೆ, ಇದು ಕೆಜಿಎಫ್‌ನಲ್ಲಿ ಸಿಗುತ್ತಾ? ಕೆಜಿಎಫ್‌ದು ಚಿನ್ನದ ಕಥೆ. 1880ರಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಕಂಪನಿ ಬಂದು ಕೆಲಸ ಶುರು ಮಾಡಿ, 2001ರಲ್ಲಿ ಗಣಿ ಮುಚ್ಚೋ ತನಕ ಮುಖ್ಯವಾಗಿ ತೆಗೆದಿದ್ದು ಬಿಳಿ ಕ್ವಾರ್ಟ್ಜ್ ಕಲ್ಲಿನ ಪಟ್ಟೆಯೊಳಗಿನ ಚಿನ್ನ. ನೆಲದಿಂದ ಬರೋ ಚಿನ್ನದಲ್ಲಿ ಒಂಚೂರು ಬೆಳ್ಳಿ ಬೆರೆತೇ ಇರುತ್ತೆ, ಆದ್ರೆ ಅದು ಲೋಹವಾಗಿ ಬೆರೆತಿರೋದು, ಈ ಕೆಂಪು ಕಲ್ಲಾಗಿ ಅಲ್ಲ. ಕೆಂಪು ಬೆಳ್ಳಿ ಹುಟ್ಟೋ ರೀತಿ ಬೇರೆ: ಭೂಮಿಯೊಳಗೆ ಬಿಸಿನೀರು ಬಿರುಕುಗಳಲ್ಲಿ ಮೇಲಕ್ಕೆ ಏರ್ತಾ, ಕರಗಿಸ್ಕೊಂಡು ಬಂದ ಬೆಳ್ಳಿ, ಆಂಟಿಮನಿ, ಗಂಧಕನೆಲ್ಲ ತಣ್ಣಗಾಗ್ತಾ ಆಗ್ತಾ ಬಿರುಕಿನ ಗೋಡೆಗೆ ಅಂಟಿಸಿ ಹೋಗುತ್ತೆ, ಸ್ಟೀಲ್ ಗೀಸರ್ ಕಾಯಿಲ್ ಮೇಲೆ ನಮ್ಮೂರ ಬೋರ್‌ವೆಲ್ ನೀರು ಸುಣ್ಣ ಕಟ್ಟುತ್ತಲ್ಲ ಹಂಗೆ. ಕೆಂಪು ಬೆಳ್ಳಿ ಕಟ್ಟೋದು ಕೊನೆಕೊನೆಗೆ, ನೀರು ಸಾಕಷ್ಟು ತಣ್ಣಗಾದ ಮೇಲೆ. ಮೆಕ್ಸಿಕೋದ ಫ್ರೆಸ್ನಿಯೊ, ಗ್ವಾನಾಹ್ವಾತೊ, ಜರ್ಮನಿಯ ಹಾರ್ಟ್ಸ್ ಬೆಟ್ಟದ ಸಾಂಕ್ಟ್ ಆಂಡ್ರಿಯಾಸ್‌ಬೆರ್ಗ್, ಸ್ಯಾಕ್ಸನಿಯ ಫ್ರೈಬೆರ್ಗ್, ಇವೆಲ್ಲ ಇದಕ್ಕೆ ಹೆಸರಾದ ಊರುಗಳು. ಮೆಕ್ಸಿಕೋ ಕಡೇದು ಜ್ವಾಲಾಮುಖಿ ಸೀಮೆ, ನೆಲದ ಮೇಲ್ಮೈಗೆ ಹತ್ತಿರದಲ್ಲೇ ಕಟ್ಟಿದ್ದು, ಭೂಮಿ ವಯಸ್ಸಿನ ಲೆಕ್ಕದಲ್ಲಿ ಹೊಸದು. ನಮ್ಮ ಕೋಲಾರದ ಬಂಡೆ ಸುಮಾರು 270 ಕೋಟಿ ವರ್ಷದ್ದು, ಆವತ್ತಿನ ಮೇಲ್ಮೈ ಎಲ್ಲ ಸವೆದು ಹೋಗಿ ನಾವೀಗ ನಿಂತಿರೋದು ಒಂದು ಕಾಲದಲ್ಲಿ ಆಳದಲ್ಲಿದ್ದ ಕಲ್ಲಿನ ಮೇಲೆ. ಇಲ್ಲಿ ಹೊಲದಲ್ಲಿ ಕೆಂಪು ಕಲ್ಲು ಸಿಕ್ತು ಅಂದ್ರೆ ಸಾಮಾನ್ಯವಾಗಿ ಅದು ಕಬ್ಬಿಣದ ತುಕ್ಕು, ಆಸೆ ಪಡೋಕೆ ಹೋಗ್ಬೇಡಿ. ಇವತ್ತು ನಮ್ಮ ದೇಶದ ಬೆಳ್ಳಿ ಬಹುಪಾಲು ಬರೋದು ರಾಜಸ್ಥಾನದ ಸೀಸ-ಸತುವಿನ ಗಣಿಗಳಿಂದ, ಉಪ ಉತ್ಪನ್ನವಾಗಿ.

ಇನ್ನು ಅರ್ಥ ಅಂದ್ರೆ ಆನ್‌ಲೈನ್‌ನಲ್ಲಿ ಬೇರೇನೇ ಅರ್ಥ ಹೇಳೋರಿದಾರೆ, ಈ ಕಲ್ಲು ಇಟ್ಕೊಂಡ್ರೆ ಆ ಶಕ್ತಿ ಈ ಚಕ್ರ ಅಂತ. ನಮ್ಮ ಓಣಿಯ ಒಬ್ಬರು ಫೋಟೋ ನೋಡಿ "ಇದು ಯಾವ ರಾಶಿಗೆ ಬರುತ್ತೆ?" ಅಂತಾನೂ ಕೇಳಿದ್ರು. ನವರತ್ನದಲ್ಲಿ ಇದು ಇಲ್ಲ. ಉಂಗುರಕ್ಕೂ ಆಗಿಬರಲ್ಲ, ಗಟ್ಟಿತನ ಎರಡೂವರೆ ಅಷ್ಟೇ, ಅಂದ್ರೆ ಉಗುರಿಗಿಂತ ಒಂಚೂರು ಆಚೆ ಈಚೆ, ಕಾಸಿನಿಂದ ಗೀರಿದ್ರೆ ಗೆರೆ ಬೀಳುತ್ತೆ. ನೀರಲ್ಲಿ ನೆನೆಹಾಕಿ ಆ ನೀರು ಕುಡೀರಿ ಅಂತ ಯಾರಾದ್ರೂ ಹೇಳಿದ್ರೆ ಮಾತ್ರ ದಯವಿಟ್ಟು ಬೇಡ, ಒಳಗಿರೋದು ಆಂಟಿಮನಿ, ಅದರ ತಮ್ಮ ಪ್ರೂಸ್ಟೈಟ್‌ನಲ್ಲಿರೋದು ಪಾಷಾಣ.

ಇಟ್ಕೊಳೋರು ಯಾಕೆ ಕತ್ತಲಲ್ಲಿ ಇಡ್ತಾರೆ ಅನ್ನೋದನ್ನ ಹೇಳಿಬಿಡ್ತೀನಿ. ಹಳೇ ಫೋಟೋ ಸ್ಟುಡಿಯೋದಲ್ಲಿ ರೀಲ್ ತೊಳೆಯೋಕೆ ಕತ್ತಲ ಕೋಣೆ ಇರ್ತಿತ್ತಲ್ಲ, ಫಿಲಂ ಮೇಲಿನ ಬೆಳ್ಳಿಯ ಲವಣ ಬೆಳಕು ಬಿದ್ರೆ ಕಪ್ಪಾಗುತ್ತೆ ಅಂತ. ಈ ಕಲ್ಲಿನಲ್ಲಿರೋದೂ ಬೆಳ್ಳಿನೇ, ಬೆಳಕಿಗೆ ಇದ್ದಷ್ಟೂ ಮೇಲ್ಮೈ ಮಂಕಾಗಿ ಕಪ್ಪು ಕಟ್ಟುತ್ತೆ, ಕೆಂಪು ಒಳಗೇ ಉಳಿದುಬಿಡುತ್ತೆ, ಪ್ರೂಸ್ಟೈಟ್ ಅಂತೂ ಇದರಲ್ಲಿ ಇನ್ನೂ ನಾಜೂಕು. ಅದಕ್ಕೇ ಒಳ್ಳೊಳ್ಳೆ ಹರಳುಗಳನ್ನ ಮ್ಯೂಸಿಯಂಗಳು ಶೋಕೇಸಲ್ಲಿ ಇಡೋಕೆ ಹಿಂದೆಮುಂದೆ ನೋಡ್ತಾವೆ, ಡ್ರಾಯರ್ ಒಳಗೆ ಮುಚ್ಚಿಡ್ತಾವೆ. ಬೆಂಕಿ ಅಂತ ಹೆಸರಿಟ್ಕೊಂಡಿದ್ದಕ್ಕೆ ಬೆಳಕೇ ಆಗಿಬರಲ್ಲ.

ಇದನ್ನೆಲ್ಲ ಕೇಳಿ ಅಕ್ಕನ ಮಗಳು ಅಂದಿದ್ದು, ಹಂಗಾದ್ರೆ ಕನ್ನಡದಲ್ಲಿ ಇದಕ್ಕೆ ಬೆಂಕಿಬೆಳ್ಳಿ ಅನ್ನೋಣ ಅಂತ. ನಾನು ಕೆಂಪು ಬೆಳ್ಳಿ ಸಾಕು ಅಂದೆ. ಅಮ್ಮ ಅಷ್ಟೊತ್ತಿಗೆ ಬಟ್ಟಲು ಉಜ್ಜಿ ಮುಗಿಸಿ ಅದರ ತುಂಬ ಕುಂಕುಮ ತುಂಬ್ತಿದ್ರು, ತಲೆ ಎತ್ತದೇನೇ "ಕುಂಕುಮದ ಬೆಳ್ಳಿ ಅನ್ನಿ" ಅಂದ್ರು. ಮೂರು ಹೆಸರಾಯ್ತು, ಇನ್ನೂ ಒಪ್ಪಂದ ಆಗಿಲ್ಲ.